ಪೋಲೆಂಡಿನ ಪೊಲೀಸನಿಗೆ ವಾಸಣ್ಣನ ಅರ್ಥ

ಓದುಗ ಬಂಧುಗಳಿಗೆಲ್ಲ ನಮಸ್ಕಾರ. ಇದನ್ನು ಒಂದೇ ಬೆರಳಿನಿಂದ ಟೈಪ್ ಮಾಡುತ್ತಿದ್ದೇನೆ. ಉಳಿದ ಬೆರಳುಗಳು ಮದುವೆಮನೆಯ ನೆಂಟರ ಹಾಗೆ ಸುಮ್ಮನೆ ನೋಡುತ್ತ ಕೂತಿವೆ. ನಾನು ಸಣ್ಣವನಿರುವಾಗಲೇ ಶಾಲೆ ಬಿಟ್ಟು ರೇಡಿಯೋ ಅಂಗಡಿ ಸೇರಿದವನು. ಹತ್ತನೇ ತರಗತಿ ಪಾಸಾದದ್ದು ಮದುವೆಯಾದ ಮೇಲೆ, ಅದೂ ಹೆಂಡತಿ ಎದುರು ಕೂರಿಸಿಕೊಂಡು ಓದಿಸಿದ್ದರಿಂದ. ಹಾಗಾಗಿ ಇಲ್ಲಿ ಅಕ್ಷರ ಸರಿಯಿದ್ದರೆ ಪುಣ್ಯ ಅವಳದು, ತಪ್ಪಿದ್ದರೆ ಪಾಪ ನನ್ನದು. ದೊಡ್ಡ ಮನಸ್ಸು ಮಾಡಿ ಓದಿಕೊಳ್ಳಿ.

ನನಗೊಂದು ಕೆಟ್ಟ ಅಭ್ಯಾಸ ಉಂಟು. ಟೀವಿಯಲ್ಲಿ ಪೊಲೀಸರ ಧಾರಾವಾಹಿ ಶುರುವಾದ ಕೂಡಲೇ ದನಿ ಪೂರ್ತಿ ತಗ್ಗಿಸಿಬಿಡುತ್ತೇನೆ. ಆಮೇಲೆ ಯಾರ ಬಾಯಿ ಅಲ್ಲಾಡುತ್ತದೋ ಅವರ ಮಾತನ್ನು ನಾನೇ ಆಡುತ್ತೇನೆ. ಮೊನ್ನೆ ಹೀಗೆ ಇನ್‌ಸ್ಪೆಕ್ಟರನಿಂದ ಕಳ್ಳನಿಗೆ ನೀತಿ ಹೇಳಿಸುತ್ತಿದ್ದಾಗ ಹೆಂಡತಿ ಒಳಗಿನಿಂದ ಬಂದು, ಈ ಮನೆಗೆ ಕೇಬಲ್ ಯಾಕೆ, ಕಿಟಕಿಯ ಹತ್ತಿರ ಕೂತು ದಾರಿಯಲ್ಲಿ ಹೋಗುವವರ ಮಾತು ಆಡಿದರೂ ಸಾಕಲ್ಲ ಎಂದಳು. ಅದನ್ನೂ ಮಾಡಿ ನೋಡಿದ್ದೇನೆ. ಅವಳಿಗೆ ಹೇಳಲಿಲ್ಲ.

ಈ ಅಭ್ಯಾಸ ಅಂಟಿದ್ದು ಬಹ್ರೈನಿನಲ್ಲಿ, ಅಂಟಿಸಿದ್ದು ಪೋಲೆಂಡ್ ಎಂಬ ದೇಶ. ನಂಬಲಿಕ್ಕೆ ಕಷ್ಟ, ಆದರೆ ಕೇಳಿ.

ತೊಂಬತ್ತರ ದಶಕದ ನಡುವಿನ ಮಾತು. ಬಹ್ರೈನಿನ ಸನದ್‌ನಲ್ಲಿ ನನ್ನದೊಂದು ಟೀವಿ, ವಿಸಿಆರ್ ರಿಪೇರಿ ಅಂಗಡಿ. ನನ್ನದು ಎಂದರೆ ಅರಬಾಬನದು, ಅಂದರೆ ಅಲ್ಲಿಯ ಮಾಲೀಕನದು. ಅವನು ಸಂಜೆ ಬಂದು ಚಾ ಕುಡಿದು ಗೋಡೆಯನ್ನು ನೋಡಿ ಹೋಗುತ್ತಿದ್ದ, ಉಳಿದ ಹೊತ್ತು ನನ್ನದೇ. ಅಂಗಡಿಯ ಮೇಲಿನ ಫ್ಲ್ಯಾಟಿನಲ್ಲಿ ನಾವು ಮೂವರಿದ್ದೆವು. ನಾನು, ಪಕ್ಕದ ಅಂಗಡಿಯಲ್ಲಿ ಟೈಲರ್ ಆಗಿದ್ದ ವಾಸಣ್ಣ, ಮನಾಮದ ಯಾವುದೋ ಆಫೀಸಿನಲ್ಲಿ ಗುಮಾಸ್ತನಾಗಿದ್ದ ದಯಾನಂದ. ದಯಾನಂದ ಬಿ.ಕಾಂ. ಓದಿದವನು. ಆದ್ದರಿಂದ ಹವಾಮಾನ, ವೀಸಾ, ಹೊಟ್ಟೆನೋವು, ರಷ್ಯಾ, ಎಲ್ಲದಕ್ಕೂ ಅವನಲ್ಲಿ ವಿವರಣೆ ಇರುತ್ತಿತ್ತು.

ವಾಸಣ್ಣನದು ಇದಕ್ಕೆ ತದ್ವಿರುದ್ಧ. ಅವರ ಬಾಯಲ್ಲಿ ಯಾವಾಗಲೂ ಗುಂಡುಸೂಜಿ. ಬಾಯಲ್ಲಿ ಸೂಜಿ ಇದ್ದವರನ್ನು ಯಾರೂ ಮಾತಾಡಿ ಎಂದು ಒತ್ತಾಯಿಸುವುದಿಲ್ಲ. ಕೆಲಸ ಮುಗಿದು ಫ್ಲ್ಯಾಟಿಗೆ ಬಂದರೂ ಒಂದು ಸೂಜಿ ತುಟಿಯಲ್ಲೇ ಉಳಿದಿರುತ್ತಿತ್ತು, ಅದು ಮರೆವಲ್ಲ ಎಂದು ನನಗೆ ಗೊತ್ತಿತ್ತು. ಸಾಂಬಾರಿಗೆ ಉಪ್ಪು ಸಾಕಾ ಎಂದು ಕೇಳಿದರೆ, "ನೀವೆಲ್ಲ ಹೇಳಿದ ಹಾಗೆ" ಎನ್ನುತ್ತಿದ್ದರು. ಯಾವ ಅಂಗಿ ಒಳ್ಳೆಯದು, ಊರಿಗೆ ಯಾವಾಗ ಹೋಗುವುದು, ಏಸಿ ಹಾಕುವುದೋ ಬೇಡವೋ, ಎಲ್ಲದಕ್ಕೂ ಅದೇ ಉತ್ತರ. ಸೆಕೆಯಾಗುತ್ತದೋ ಇಲ್ಲವೋ ಎಂಬುದನ್ನೂ ನಾವೇ ತೀರ್ಮಾನಿಸಬೇಕಿತ್ತು.

ಇದರ ಮೂಲ ನನಗೆ ಮಾತ್ರ ಗೊತ್ತಿತ್ತು. ನಾವಿಬ್ಬರೂ ಒಂದೇ ಊರಿನವರು. ನಮ್ಮ ಕಡೆ ತಾಳಮದ್ದಳೆ ಎಂಬುದೊಂದುಂಟು. ಅದರಲ್ಲಿ ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಪದ ಹೇಳುತ್ತಾರೆ, ಎದುರುಬದುರು ಕೂತವರು ಬರೀ ಮಾತಿನಲ್ಲಿ ಕಥೆ ನಡೆಸುತ್ತಾರೆ. ಆ ಮಾತಿಗೆ ಅರ್ಥ ಎನ್ನುತ್ತೇವೆ. ಮೊದಲೇ ಬರೆದದ್ದು ಏನೂ ಇಲ್ಲ, ಎದುರಿನವನು ಏನು ಕೇಳುತ್ತಾನೋ ಅದಕ್ಕೆ ಅಲ್ಲೇ ಉತ್ತರ ಹುಟ್ಟಬೇಕು. ವಾಸಣ್ಣ ಊರಿನಲ್ಲಿ ಒಳ್ಳೆಯ ಅರ್ಥಧಾರಿ ಎಂದು ಹೆಸರು ಮಾಡುತ್ತಿದ್ದ ಕಾಲ. ಒಂದು ಕೂಟದಲ್ಲಿ ಅವರದು ರಾಜದೂತನ ಪಾತ್ರ. ಎದುರಿಗೆ ಕೂತ ಮೇಷ್ಟ್ರು ಮಹಾ ಕಿಲಾಡಿ. ವಾಸಣ್ಣ ತನ್ನ ರಾಜನ ಸಂದೇಶವನ್ನು ಭರ್ಜರಿಯಾಗಿ ಹೇಳಿ ಮುಗಿಸಿದ ಮೇಲೆ ಮೇಷ್ಟ್ರು ಮೀಸೆಯಲ್ಲೇ ನಕ್ಕು ಕೇಳಿದರು, "ದೂತನೇ, ನಿನ್ನ ದೊರೆಗೆ ಅನ್ನಿಸಿದ್ದನ್ನು ಹೇಳಿದೆ. ಸಂತೋಷ. ನಿನಗೇನನ್ನಿಸುತ್ತದೆ?"

ವಾಸಣ್ಣನಿಗೆ ಏನೂ ಅನ್ನಿಸಲಿಲ್ಲ. ಅಥವಾ ಅನ್ನಿಸಿದ್ದು ಬಾಯಿಗೆ ಬರಲಿಲ್ಲ. ಆ ದಿನ ಮೈಕ್ ಸೆಟ್ಟು ನನ್ನದು, ನಾನು ಆಂಪ್ಲಿಫೈಯರಿನ ಹಿಂದೆ ಕೂತಿದ್ದೆ. ಮನುಷ್ಯ ಮಾತಾಡದಿದ್ದರೆ ಮೈಕು ತಾನೇ ಕುಂಯ್ ಎಂದು ಮಾತಾಡಲು ಶುರು ಮಾಡುತ್ತದೆ. ಇಡೀ ಊರು ಆ ಕುಂಯ್ ಕೇಳಿತು. ಕೊನೆಗೆ ಭಾಗವತರು ಕರುಣೆಯಿಂದ ಮುಂದಿನ ಪದ ಎತ್ತಿದರು. ಮರುದಿನದಿಂದ ಪೇಟೆಯಲ್ಲಿ ಮೀನು ಮಾರುವವರೂ ಕೇಳಲು ಶುರು ಮಾಡಿದರು, "ಬಂಗುಡೆ ತಾಜಾ ಉಂಟು ವಾಸಣ್ಣ, ನಿಮಗೇನನ್ನಿಸುತ್ತದೆ?" ಮುಂದಿನ ಮಳೆಗಾಲದೊಳಗೆ ವಾಸಣ್ಣ ಗಲ್ಫಿಗೆ ಹೊರಟರು.

ಇನ್ನು ಪೋಲೆಂಡಿಗೆ ಬರೋಣ.

ಸಿತ್ರಾ ಕಡೆಯ ಒಂದು ಪ್ಲಾಂಟಿನಲ್ಲಿ ಇಂಜಿನಿಯರ್ ಆಗಿದ್ದ ಯಾನುಷ್ ಎಂಬ ಪೋಲೆಂಡಿನವರು ಒಂದು ದಿನ ವಿಸಿಆರ್ ಹೊತ್ತುಕೊಂಡು ಅಂಗಡಿಗೆ ಬಂದರು. ಮನೆ ಬುಸೈತೀನಿನಲ್ಲಿ, ದಾರಿಯಲ್ಲಿ ನಮ್ಮ ಬೋರ್ಡು ಕಂಡಿತಂತೆ. ಆರಡಿ ಮನುಷ್ಯ, ಬಿಸಿಲಿಗೆ ಬೆಂದು ಏಡಿಯ ಬಣ್ಣ. ಅವರ ಇಂಗ್ಲಿಷೂ ನನ್ನ ಇಂಗ್ಲಿಷೂ ಒಂದೇ ಕ್ಲಾಸಿನಲ್ಲಿ ಫೇಲಾದವು, ಹಾಗಾಗಿ ಬೇಗ ಸ್ನೇಹವಾಯಿತು. "ಪಿಕ್ಚರ್ ಗುಡ್, ವಾಯ್ಸ್ ಫಿನಿಶ್" ಎಂದರು. ಪರೀಕ್ಷೆ ಮಾಡಲಿಕ್ಕೆ ಒಂದು ಟೇಪೂ ಕೊಟ್ಟರು. ಊರಿನಿಂದ ಅವರ ತಂಗಿ ಟೀವಿಯಲ್ಲಿ ಬಂದದ್ದನ್ನು ರೆಕಾರ್ಡ್ ಮಾಡಿ ಕಳಿಸುತ್ತಿದ್ದದ್ದು.

ಹಾಕಿ ನೋಡಿದೆ. ಪೊಲೀಸ್ ಧಾರಾವಾಹಿ. ಅಲ್ಲಿ ಕಮ್ಯುನಿಸ್ಟರು ಆಳುತ್ತಿದ್ದ ಕಾಲದ್ದಂತೆ, ಆಗ ದೇಶಕ್ಕೆ ದೇಶವೇ ಕೂತು ನೋಡುತ್ತಿತ್ತಂತೆ. ಪೊಲೀಸನಿಗೆ ಯೂನಿಫಾರ್ಮ್ ಇಲ್ಲ, ತೆಳ್ಳಗಿನ ಜಾಕೆಟು, ಕೈಯಲ್ಲಿ ಸಿಗರೇಟು. ಬೆಂಕಿಪೊಟ್ಟಣದಂಥ ಕಾರು, ಅದೂ ಒಂದೇ ಸಲಕ್ಕೆ ಸ್ಟಾರ್ಟ್ ಆಗುವುದಿಲ್ಲ. ಸ್ಟೇಷನ್ನಿನಲ್ಲಿ ಟೈಪ್‌ರೈಟರು, ಹೊಗೆ, ಗ್ಲಾಸಿನಲ್ಲಿ ಚಾ, ಮೇಜಿನ ಹಿಂದೆ ಬೈಯುವ ದಪ್ಪ ಸಾಹೇಬ. ಹೊರಗೆ ಅಂಗಡಿಯ ಮುಂದೆ ಜನ ಚೀಲ ಹಿಡಿದು ಸಾಲು ನಿಂತಿದ್ದಾರೆ. ಬಹ್ರೈನಿನಲ್ಲಿ ಸುತ್ತ ನೋಡಿದರೆ ಹಡಗಿನಂಥ ಕಾರು, ಹೊಳೆಯುವ ಗಾಜು. ಇಲ್ಲಿ ನೋಡಿದರೆ ಸೀಮೆಎಣ್ಣೆ ದಿವಸದ ನಮ್ಮ ಸೊಸೈಟಿ ಅಂಗಡಿ. ಹಿಮ ಒಂದು ತೆಗೆದರೆ ಅದು ನಮ್ಮೂರೇ.

ಅದು ಕಪ್ಪುಬಿಳುಪಾಗಿ ಕಾಣುತ್ತಿತ್ತು. ಕಮ್ಯುನಿಸ್ಟ್ ದೇಶದಲ್ಲಿ ಬಣ್ಣಕ್ಕೆ ಅನುಮತಿ ಇಲ್ಲ ಎಂದು ದಯಾನಂದ ವಿವರಿಸಿದ. ನಾನೂ ತಲೆಯಾಡಿಸಿದೆ. ಕೆಲವು ವಾರ ಹಾಗೇ ನೋಡಿದೆವು. ದೇಶಕ್ಕೊಂದು ಬಣ್ಣದ ಪದ್ಧತಿ ಇರುತ್ತದೆ, ಟೀವಿಯ ಹಿಂಬದಿಯ ಗುಂಡಿ ತಿರುಗಿಸಿದರೆ ಪೋಲೆಂಡಿಗೂ ಬಣ್ಣ ಬರುತ್ತದೆ ಎಂದು ಆಮೇಲೆ ಹೊಳೆಯಿತು. ಹೊಳೆದದ್ದು ಯಾರಿಗೆ? ಅದನ್ನೇ ರಿಪೇರಿ ಮಾಡಿ ಹೊಟ್ಟೆ ಹೊರೆಯುತ್ತಿದ್ದ ನನಗೆ.

ಆ ಮೊದಲ ದಿನ ವಾಸಣ್ಣ ಚಿಲ್ಲರೆ ಕೇಳಲಿಕ್ಕೋ ಏನೋ ಅಂಗಡಿಗೆ ಬಂದವರು ಅಲ್ಲೇ ನಿಂತರು. ಪರದೆಯಲ್ಲಿ ದಪ್ಪ ಸಾಹೇಬ ಪೊಲೀಸನಿಗೆ ಬೈಯುತ್ತಿದ್ದ. ವಿಸಿಆರಿಗೆ ದನಿ ಇಲ್ಲ. ಬಾಯಿ ಮಾತ್ರ ತೆರೆಯುತ್ತದೆ, ಮುಚ್ಚುತ್ತದೆ. ನೋಡುತ್ತ ನೋಡುತ್ತ ವಾಸಣ್ಣ ತುಟಿಯ ಸೂಜಿ ತೆಗೆದು ಕಾಲರಿಗೆ ಚುಚ್ಚಿಕೊಂಡರು. ನಾನು ಸ್ಕ್ರೂಡ್ರೈವರ್ ಹಿಡಿದು ಬಗ್ಗಿದ್ದೆ, ತಲೆಯ ಮೇಲಿನಿಂದ ದನಿ ಬಂತು. "ಎಲವೋ ಅವಿವೇಕಿ, ಊರಿನ ಕಳ್ಳರೆಲ್ಲ ಉಂಡು ಮಲಗಿದರೂ ನಿನ್ನ ಧೂಮಪಾನ ಮುಗಿಯಲಿಲ್ಲವೇ?"

ನಾನು ತಲೆ ಎತ್ತಲಿಲ್ಲ. ಹಕ್ಕಿ ಕಿಟಕಿಗೆ ಬಂದು ಕೂತಾಗ ಯಾರಾದರೂ ತಲೆ ಎತ್ತುತ್ತಾರಾ? ವಾಸಣ್ಣ ಸಾಹೇಬನಿಗೂ ಪೊಲೀಸನಿಗೂ ಅರ್ಥ ಹೇಳುತ್ತ ಹೋದರು. ಇಲ್ಲಿ ಎದುರಿನವರು ಪ್ರಶ್ನೆ ಕೇಳುವ ಭಯವಿರಲಿಲ್ಲ. ಇಬ್ಬರೂ ಗಾಜಿನ ಆಚೆ ಇದ್ದರು, ಅವರಿಗೆ ವಾಯ್ಸ್ ಫಿನಿಶ್ ಆಗಿತ್ತು.

ಅಷ್ಟರಲ್ಲಿ ಬಾಗಿಲಲ್ಲಿ ಯಾನುಷ್. ಮರೆತುಹೋದ ರಿಮೋಟ್ ಕೊಡಲಿಕ್ಕೆ ವಾಪಸ್ ಬಂದಿದ್ದರು. ವಾಸಣ್ಣ ತಕ್ಷಣ ಸೂಜಿಯನ್ನು ಬಾಯಿಗಿಟ್ಟು ಗೋಡೆ ನೋಡಿದರು. ಇದೇನೆಂದು ಯಾನುಷ್ ಕೇಳಿದರು. ನಿಮ್ಮ ಮಿಷನ್ನಿನ ದನಿ ಬರುವವರೆಗೆ ಇವರದು ಟೆಂಪರರಿ ದನಿ ಎಂದೆ. ಅವರು ಅಂಗಡಿ ಅಲ್ಲಾಡುವ ಹಾಗೆ ನಕ್ಕರು. ರಿಪೇರಿಯಾಗಿ ವಿಸಿಆರ್ ಒಯ್ಯುವಾಗ ಟೇಪನ್ನು ಬಿಟ್ಟು ಹೋದರು, ಮುಂದಿನ ವಾರ ಇನ್ನೊಂದು ತಂದುಕೊಟ್ಟರು.

ಹೀಗೆ ಶುಕ್ರವಾರ ಮಧ್ಯಾಹ್ನ ಊಟವಾದ ಮೇಲೆ ನಮ್ಮ ಫ್ಲ್ಯಾಟಿನಲ್ಲಿ ಕೂಟ ಶುರುವಾಯಿತು. ದನಿ ತಗ್ಗಿಸುವುದು, ವಾಸಣ್ಣ ಅರ್ಥ ಹೇಳುವುದು. ಕಥೆ ನಮ್ಮದೇ. ದಪ್ಪ ಸಾಹೇಬ ಪೊಲೀಸನ ಮಾವ ಎಂದು ನಾವು ತೀರ್ಮಾನಿಸಿದ್ದೆವು. ಅಷ್ಟು ಬೈದು ಕೊನೆಗೆ ಚಾ ಕೊಡುವವನು ಮಾವನಲ್ಲದೆ ಇನ್ಯಾರು? ಕಷ್ಟವಾದದ್ದು ಹೆಂಗಸರ ವಿಷಯದಲ್ಲಿ. ಮೊದಲ ಟೇಪಿನಲ್ಲಿ ಪೊಲೀಸ್ ಒಬ್ಬಳ ಮನೆಗೆ ಹೋಗಿ ಬೆಳಿಗ್ಗೆ ಎದ್ದು ಬಂದ. ವಾಸಣ್ಣ ಅವಳನ್ನು ಹೆಂಡತಿ ಮಾಡಿದರು. ಎರಡನೆಯ ಟೇಪಿನಲ್ಲಿ ಬೇರೆ ಹೆಂಗಸು. ಮೂರನೆಯದರಲ್ಲಿ ಮತ್ತೊಬ್ಬಳು. ನಾಯಕನ ಮಾನ ಉಳಿಸಲು ವಾಸಣ್ಣ ಒಂದು ಕ್ಷಣ ಕಣ್ಣು ಮುಚ್ಚಿ, ಇದೆಲ್ಲ ತನಿಖೆಯ ಭಾಗ ಎಂದು ಸಾರಿದರು. ಅಂದಿನಿಂದ ಸಲ್ಮಾನಿಯಾ ಆಸ್ಪತ್ರೆಯ ಒಬ್ಬ ನರ್ಸ್ ಜೊತೆ ದಯಾನಂದ ಫೋನಿನಲ್ಲಿ ಗಂಟೆಗಟ್ಟಲೆ ಮಾತಾಡಿದರೆ, ನಾವು ತನಿಖೆ ಎಲ್ಲಿಯವರೆಗೆ ಬಂತು ಎಂದು ಕೇಳುತ್ತಿದ್ದೆವು. ಆ ತನಿಖೆ ಮುಂದೆ ಮದುವೆಯಲ್ಲಿ ಮುಗಿಯಿತು.

ಇಷ್ಟಾದರೂ ಟೀವಿ ಆರಿಸಿದ ಕೂಡಲೇ ವಾಸಣ್ಣನೂ ಆರಿಹೋಗುತ್ತಿದ್ದರು. ಅಷ್ಟು ಹೊತ್ತು ನಾಲ್ಕು ಜನರ ಮಾತು ಆಡಿದ ಮನುಷ್ಯ, ರಾತ್ರಿಗೆ ಚಪಾತಿಯೋ ಅನ್ನವೋ ಎಂದರೆ, "ನೀವೆಲ್ಲ ಹೇಳಿದ ಹಾಗೆ." ಪೊಲೀಸನಿಗೆ ಅನ್ನಿಸಿದ್ದನ್ನು ಹೇಳಬಲ್ಲರು, ಕಳ್ಳನಿಗೆ ಅನ್ನಿಸಿದ್ದನ್ನೂ ಹೇಳಬಲ್ಲರು. ತನ್ನದು ಮಾತ್ರ ಹೇಳಲಾರರು. ಈ ಶುಕ್ರವಾರಗಳೂ ನಿಂತರೆ ಅಷ್ಟೂ ಇಲ್ಲದಂತಾಗುತ್ತದೆ ಎಂಬ ಹೆದರಿಕೆ ನನಗೆ.

ಅಂಥ ಹೊತ್ತಿನಲ್ಲಿ ಯಾನುಷ್ ತಾನೂ ಒಂದು ಶುಕ್ರವಾರ ಬರುತ್ತೇನೆ ಎಂದರು. ಆ ಮನುಷ್ಯನಿಗೆ ಟೇಪಿನ ಭಾಷೆ ಬರುತ್ತದೆ. ಅಲ್ಲ, ಅವ ಮಾವ ಅಲ್ಲ, ಆಫೀಸರ್ ಎಂದುಬಿಟ್ಟರೆ? ಒಂದು ಸಲ ತಿದ್ದಿದರೆ ಸಾಕು, ಸೂಜಿ ಬಾಯಿಗೆ ಹೋದದ್ದು ಇನ್ನು ಹೊರಗೆ ಬರುವುದಿಲ್ಲ. ಏನೇ ಆದರೂ ಯಾನುಷ್ ಬಾಯಲ್ಲಿ ಮೀನು ಖಾಲಿಯಾಗದಂತೆ ನೋಡಿಕೊಳ್ಳುವುದು ಎಂದು ನಾನೂ ದಯಾನಂದನೂ ಮಾತಾಡಿಕೊಂಡೆವು.

ಬಂದರು. ನೀರ್‌ದೋಸೆಯನ್ನು ಕರವಸ್ತ್ರದ ಹಾಗೆ ಮಡಚಿ ಮಡಚಿ ತಿಂದರು. ಬಂಗುಡೆ ಗಸಿಗೆ ಕಣ್ಣು ಮೂಗು ಎಲ್ಲ ಸುರಿಯಿತು, ಆದರೂ ಬಿಡಲಿಲ್ಲ. ನೆಲದ ಮೇಲೆ ಕೂರಲು ಪ್ಯಾಂಟು ಬಿಡುವುದಿಲ್ಲವೆಂದು ನನ್ನ ಲುಂಗಿ ಉಟ್ಟರು. ಲುಂಗಿ ಮೊಣಕಾಲಿನವರೆಗೆ ಬಂತು. ಉಣ್ಣುತ್ತ ಹೇಳಿದರು, ಆ ಕಾಲದಲ್ಲಿ ತಮ್ಮ ಊರಿನಲ್ಲಿ ಪೊಲೀಸರೆಂದರೆ ಯಾರಿಗೂ ಆಗುತ್ತಿರಲಿಲ್ಲ, ಎದುರಿಗೆ ಬಂದರೆ ಜನ ರಸ್ತೆ ದಾಟಿ ಆಚೆ ಹೋಗುತ್ತಿದ್ದರು, ಆದರೆ ಟೀವಿಯ ಈ ಒಬ್ಬ ಪೊಲೀಸನಿಗಾಗಿ ಅದೇ ಜನ ಕೆಲಸ ಬಿಟ್ಟು ಓಡಿ ಮನೆಗೆ ಬರುತ್ತಿದ್ದರು. ತನ್ನ ತಂದೆ ಅವನು ಪರದೆಗೆ ಬಂದಾಗ ಬೈಯುತ್ತಲೇ ಕುರ್ಚಿಯನ್ನು ಹತ್ತಿರ ಎಳೆದುಕೊಳ್ಳುತ್ತಿದ್ದರಂತೆ. ಈ ದಿನ ತಂದ ಟೇಪು ಹೊಸದು, ಈ ಕಂತು ಚಿಕ್ಕಂದಿನಲ್ಲಿ ತನಗೂ ತಪ್ಪಿಹೋಗಿತ್ತು ಎಂದರು. ಆಮೇಲೆ ತಾವೇ ಕೈಚಾಚಿ ದನಿ ತಗ್ಗಿಸಿ, ವಾಸಣ್ಣನ ಕಡೆ ತಿರುಗಿ ಸಲಾಂ ಹಾಕಿದರು. ನನ್ನ ಅರ್ಧ ಹೆದರಿಕೆ ಅಲ್ಲೇ ಹೋಯಿತು.

ವಾಸಣ್ಣ ಮೊದಲು ತಡವರಿಸಿದರು, ಆಮೇಲೆ ಹಿಡಿತಕ್ಕೆ ಬಂದರು. ಆ ಕಂತಿನಲ್ಲಿ ಒಬ್ಬ ಮುದುಕ. ಮನೆಯೊಳಗೆ ಬಂದರೂ ಟೊಪ್ಪಿ ತೆಗೆಯುವುದಿಲ್ಲ. ಅವನೇ ಕಳ್ಳ ಎಂದು ನಾವೆಲ್ಲ ಸೇರಿ ಆರಂಭದಲ್ಲೇ ಠರಾವು ಮಾಡಿದೆವು. ವಾಸಣ್ಣ, "ಎಲೈ ಟೊಪ್ಪಿಧಾರಿಯೇ" ಎಂದು ಶುರು ಮಾಡಿದರೆ ದಯಾನಂದ ಅದನ್ನು ಇಂಗ್ಲಿಷಿಗೆ ತಿರುಗಿಸುತ್ತಿದ್ದ. ಅವನ ಇಂಗ್ಲಿಷ್ ಆಫೀಸಿನದು, ಹಾಗಾಗಿ ಕಳ್ಳನೂ ಪೊಲೀಸನೂ ಮಾನ್ಯರೇ ಎಂದು ಕರೆದುಕೊಳ್ಳುತ್ತ ಜಗಳವಾಡಿದರು. ಯಾನುಷ್ ತೊಡೆ ತಟ್ಟಿ ನಕ್ಕರು.

ಕೊನೆಗೆ ಒಂದು ಸಣ್ಣ ರೈಲ್ವೆ ಸ್ಟೇಷನ್. ಹಿಮ. ಬೆಂಚಿನ ಮೇಲೆ ಟೊಪ್ಪಿಯ ಮುದುಕ ಒಬ್ಬನೇ ಕೂತಿದ್ದಾನೆ. ಪೊಲೀಸ್ ಬಂದು ಪಕ್ಕದಲ್ಲಿ ಕೂರುತ್ತಾನೆ. ಸಿಗರೇಟು ಕೊಡುತ್ತಾನೆ. ಮುದುಕ ಏನೋ ಹೇಳುತ್ತಾನೆ. ಪೊಲೀಸ್ ಬಾಯಿ ತೆರೆಯುತ್ತಾನೆ, ಅಷ್ಟೇ. ಪರದೆ ನೀಲಿಯಾಯಿತು. ಟೇಪು ಮುಗಿದಿತ್ತು. ತಂಗಿ ಚಿಕ್ಕ ಟೇಪು ಹಾಕಿದ್ದಳು.

ಯಾನುಷ್ ತನ್ನ ಭಾಷೆಯಲ್ಲಿ ತಂಗಿಗೆ ಒಂದೆರಡು ಮಾತು ಹೇಳಿದರು. ಅದಕ್ಕೆ ಅನುವಾದ ಬೇಕಾಗಲಿಲ್ಲ. ಆಮೇಲೆ ವಾಸಣ್ಣನ ಕಡೆ ಬಾಗಿ, ತುಂಬ ಗಂಭೀರವಾಗಿ ಕೇಳಿದರು. "ಮಿಸ್ಟರ್ ವಾಸ್, ವಾಟ್ ಯು ಥಿಂಕ್?"

ದಯಾನಂದನಿಗೆ ಹಳೆಯ ಕಥೆ ಗೊತ್ತಿಲ್ಲ. ಅವನು ಚೊಕ್ಕವಾಗಿ ಕನ್ನಡಕ್ಕೆ ತಿರುಗಿಸಿಬಿಟ್ಟ. "ನಿಮಗೇನನ್ನಿಸ್ತದೆ ಅಂತ ಕೇಳ್ತಾ ಇದ್ದಾರೆ, ಅಣ್ಣ."

ವಾಸಣ್ಣನ ಕೈ ಕಾಲರಿನ ಸೂಜಿಯ ಹತ್ತಿರ ಹೋಯಿತು. ಏಸಿಯ ಗುಂಯ್ ಒಂದೇ ಕೇಳುತ್ತಿತ್ತು. ನನ್ನ ಕಿವಿಗೆ ಅದು ಆ ದಿನದ ಮೈಕಿನ ಕುಂಯ್. ಇಲ್ಲಿ ಪದ ಎತ್ತಲು ಭಾಗವತರೂ ಇಲ್ಲ. ದಯಾನಂದ ಎಂದಿನ ಹಾಗೆ ವಿವರಣೆಗೆ ಬಾಯಿ ತೆರೆದ. ಆಗ ವಾಸಣ್ಣ ಕೈ ಎತ್ತಿ ಅವನನ್ನು ತಡೆದರು. ಊರಿನ ಕೂಟದಲ್ಲಿ ಮಾತಿನ ಸರದಿ ತನ್ನದು ಎನ್ನಲು ಎತ್ತುತ್ತಿದ್ದರಲ್ಲ, ಅದೇ ಕೈ.

"ನನಗೆ ಅನ್ನಿಸುವುದು," ಎಂದರು. ದೊಡ್ಡ ಭಾಷೆಯಲ್ಲಲ್ಲ, ಉಪ್ಪು ಕೇಳುವ ಭಾಷೆಯಲ್ಲಿ. "ಆ ಟೊಪ್ಪಿಯವ ಕಳ್ಳ ಅಲ್ಲ."

ದಯಾನಂದ ಅನುವಾದ ಬಿಟ್ಟು ಜಗಳಕ್ಕೇ ನಿಂತ. "ಅದು ಹೇಗೆ ಅಣ್ಣ? ಇಷ್ಟು ಹೊತ್ತು ನೀವೇ ಅವನಿಗೆ ಕಳ್ಳ ಕಳ್ಳ ಅಂತ ಬೈದದ್ದಲ್ವಾ?"

"ಅದು ನೀವೆಲ್ಲ ಹೇಳಿದ್ದು ಮಾರಾಯ. ಈಗ ಕೇಳಿದ್ದು ನನ್ನನ್ನು." ವಾಸಣ್ಣ ನೀಲಿ ಪರದೆಯನ್ನೇ ನೋಡುತ್ತಿದ್ದರು. "ಹಿಡಿಯಲಿಕ್ಕೆ ಬಂದವ ಎದುರು ನಿಲ್ತಾನೆ, ಗಡಿಯಾರ ನೋಡ್ತಾನೆ. ಇವ ಪಕ್ಕದಲ್ಲಿ ಕೂತ. ಆ ಮುದುಕನನ್ನು ಕಳಿಸಿಕೊಡ್ಲಿಕ್ಕೆ ಯಾರೂ ಬರಲಿಲ್ಲ. ರೈಲು ಬರುವವರೆಗೆ ಒಬ್ಬ ಬೇಕಲ್ಲ. ಅದಕ್ಕೆ ಬಂದದ್ದು."

ಆಮೇಲೆ, ಚಿತ್ರವಿಲ್ಲದ ಆ ನೀಲಿಯನ್ನು ನೋಡುತ್ತ, ಬೆಂಚಿನ ಮೇಲಿನ ಇಬ್ಬರ ಮಾತನ್ನೂ ಅವರು ಮುಂದುವರಿಸಿದರು. ಮುದುಕ ಮಗಳ ಊರಿಗೆ ಹೊರಟಿದ್ದಾನೆ, ಟೊಪ್ಪಿ ತೆಗೆಯದಿರುವುದು ತಲೆ ಬೋಳಾದ ನಾಚಿಕೆಗೆ. ಪೊಲೀಸ್, ಮಾವ ಬೈದರೂ ಪರವಾಗಿಲ್ಲ ಎಂದು, ಠಾಣೆಗೆ ತಡವಾಗಿ ಹೋಗಲು ಸಿದ್ಧನಿದ್ದಾನೆ. ರೈಲು ಬರುವವರೆಗೂ ಮಾತಾಡಿಸಿದರು. ದಯಾನಂದ ಅನುವಾದಿಸುತ್ತ ಅನುವಾದಿಸುತ್ತ ಮಾನ್ಯರೇ ಎನ್ನುವುದನ್ನೇ ಮರೆತ. ಯಾನುಷ್ ಕಣ್ಣು ಒರೆಸಿಕೊಂಡರು. ಗಸಿಯ ಖಾರ ತಡವಾಗಿ ಏರಿದ್ದು ಎಂದು ದಯಾನಂದ ಆಮೇಲೆ ವಾದಿಸಿದ. ಅದು ಇನ್ನೂ ಇತ್ಯರ್ಥವಾಗಿಲ್ಲ.

ಆ ರಾತ್ರಿ ಸಾಂಬಾರಿಗೆ ಉಪ್ಪು ಹೆಚ್ಚಾಯಿತು ಎಂದು ವಾಸಣ್ಣ ಹೇಳಿದರು. ಮಾಡಿದವನು ನಾನು. ಜೀವನದಲ್ಲಿ ಬೈಸಿಕೊಂಡು ಅಷ್ಟು ಖುಷಿಯಾದದ್ದು ಬೇರೆ ಇಲ್ಲ. ಖುಷಿ ಹೆಚ್ಚು ದಿನ ಬಾಳಲಿಲ್ಲ, ಅಂದಿನಿಂದ ಅವರು ದಿನಾ ಒಂದಲ್ಲ ಒಂದು ಅಭಿಪ್ರಾಯ ಹೇಳುತ್ತಲೇ ಬಂದರು.

ಮುಂದೆ ಯಾನುಷ್ ಕೆಲಸ ಮುಗಿಸಿ ಊರಿಗೆ ಹೊರಟಾಗ ನಾವು ಮೂವರೂ ಮುಹರ್ರಕ್‌ನ ಏರ್‌ಪೋರ್ಟಿಗೆ ಹೋದೆವು. ವಾಸಣ್ಣ ಅವರ ಪಕ್ಕದಲ್ಲೇ ಕೂತರು, ಇಬ್ಬರೂ ತಂತಮ್ಮ ಭಾಷೆಯಲ್ಲಿ ಏನೇನೋ ಮಾತಾಡಿಕೊಂಡರು. ದಯಾನಂದ ಮಾತ್ರ ಮತ್ತೆ ಮತ್ತೆ ಗಡಿಯಾರ ನೋಡುತ್ತಿದ್ದ. ಕಾರನ್ನು ನಿಲ್ಲಿಸಬಾರದ ಜಾಗದಲ್ಲಿ ನಿಲ್ಲಿಸಿದ್ದ.

ಈಗ ನಾವೆಲ್ಲ ಊರು ಸೇರಿ ಬಹಳ ಕಾಲವಾಯಿತು. ವಾಸಣ್ಣ ಮತ್ತೆ ಕೂಟಗಳಿಗೆ ಹೋಗುತ್ತಾರೆ. ಎದುರಿನವರು ಪ್ರಶ್ನೆ ಕೇಳಲು ಎರಡು ಸಲ ಯೋಚಿಸುತ್ತಾರಂತೆ, ಉತ್ತರ ಮುಗಿಯುವುದಿಲ್ಲ ಎಂಬ ಭಯಕ್ಕೆ.

ಮೊನ್ನೆ ಹೆಂಡತಿ ಬೈದ ಮೇಲೆ ಈ ಕಥೆಯನ್ನು ಮಗನಿಗೆ ಹೇಳಿದೆ. ಅವನು ಫೋನಿನಲ್ಲಿ ಏನೋ ಒತ್ತಿ ಆ ಧಾರಾವಾಹಿಯನ್ನೇ ಎದುರಿಗಿಟ್ಟ. ಅದೇ ಜಾಕೆಟು, ಅದೇ ಮಾವ. ಸಂಜೆ ಸಂಜೆ ಒಂದೊಂದೇ ಕಂತು ಹುಡುಕುತ್ತ ಹೋದೆ. ಕೊನೆಗೆ ಆ ಸ್ಟೇಷನ್, ಆ ಬೆಂಚು ಸಿಕ್ಕಿತು. ದನಿ ತಗ್ಗಿಸಿದೆ. ಪೊಲೀಸ್ ಸಿಗರೇಟು ಕೊಟ್ಟ, ಮುದುಕ ಏನೋ ಹೇಳಿದ, ಪೊಲೀಸ್ ಬಾಯಿ ತೆರೆದ. ಆಮೇಲೆ ಜಾಕೆಟಿನಿಂದ ಬೇಡಿ ತೆಗೆದು ಮುದುಕನ ಕೈಗೆ ಹಾಕಿದ. ಟೊಪ್ಪಿಯವನೇ ಕಳ್ಳ.

ತುಂಬ ಹೊತ್ತು ಹೇಳುವುದೋ ಬೇಡವೋ ಎಂದು ಕೂತೆ. ಆಮೇಲೆ ವಾಸಣ್ಣನಿಗೆ ಫೋನು ಮಾಡಿ ಇದ್ದದ್ದನ್ನು ಇದ್ದ ಹಾಗೆ ಹೇಳಿಬಿಟ್ಟೆ. ಲೈನಿನಲ್ಲಿ ಸಣ್ಣಗೆ ಕುಂಯ್ ಎಂದಿತು. ಮಾಡಬಾರದ್ದು ಮಾಡಿದೆ ಅಂದುಕೊಳ್ಳುವಷ್ಟರಲ್ಲಿ ವಾಸಣ್ಣ ಗಂಟಲು ಸರಿಮಾಡಿಕೊಂಡರು.

"ಪೋಲೆಂಡಿನವರು ಕಡೆಯಲ್ಲಿ ತಪ್ಪು ಮಾಡಿದ್ರು ಮಾರಾಯ," ಎಂದರು. "ನನಗೆ ಹಾಗೆ ಅನ್ನಿಸ್ತದೆ."

ಇದಿಷ್ಟು ಟೈಪ್ ಮಾಡುವಷ್ಟರಲ್ಲಿ ಬೆರಳು ಸೋತಿತು. ನೀವೂ ಭಾಷೆ ಬಾರದ ಯಾವುದನ್ನಾದರೂ ನೋಡಿ ನಿಮ್ಮದೇ ಕಥೆ ಕಟ್ಟಿಕೊಂಡದ್ದುಂಟಾ? ಆಮೇಲೆ ನಿಜ ಗೊತ್ತಾದಾಗ ಯಾವುದನ್ನು ಇಟ್ಟುಕೊಂಡಿರಿ? ದಯವಿಟ್ಟು ಬರೆದು ತಿಳಿಸಿ. ನಿಮಗೇನನ್ನಿಸುತ್ತದೆ ಎಂದು ನಾನು ಕೇಳುತ್ತಿರುವುದು ಒಳ್ಳೆಯ ಮನಸ್ಸಿನಿಂದಲೇ.